ಉಮಾಶ್ರೀ ಮತ್ತು ನಮ್ಮ ಮನೆ ಕಿಟಕಿ

ಒಂದು ಶನಿವಾರ ರಾತ್ರಿ ಬೆಂಗಳೂರಿನ ನಮ್ಮ ಫ್ಲ್ಯಾಟಿನಲ್ಲಿ ಆಫೀಸಿನ ನಾಲ್ಕು ಜನ ಕೂತು ಜಪಾನೀ ಸಿನಿಮಾ ನೋಡ್ತಿದ್ವಿ. 2018ರಲ್ಲಿ ಕಾನ್ ಚಿತ್ರೋತ್ಸವದ ಅತಿ ದೊಡ್ಡ ಪ್ರಶಸ್ತಿ ಗೆದ್ದ ‘ಶಾಪ್‌ಲಿಫ್ಟರ್ಸ್’. ಅದರಲ್ಲೊಬ್ಬಳು ಅಜ್ಜಿ ಇದ್ದಾಳೆ. ಸಣ್ಣ ಹಳೇ ಮನೆ, ಅವಳ ಪಿಂಚಣಿ ದುಡ್ಡು, ಅದನ್ನೇ ನಂಬಿಕೊಂಡು ಜೊತೆಗಿರುವ ಐದಾರು ಜನ. ಒಂದು ದೃಶ್ಯದಲ್ಲಿ ಅವಳು ಸಮುದ್ರದ ದಂಡೆಯಲ್ಲಿ ಕೂತು, ಅಲೆಗಳಲ್ಲಿ ಹಾರಾಡ್ತಿರೋ ಮನೆಯವರನ್ನು ನೋಡ್ತಾ ತುಟಿಯಲ್ಲೇ ಏನೋ ಹೇಳ್ಕೋತಾಳೆ. ದನಿ ಕೇಳಿಸಲ್ಲ. ನನಗೆ ಅಳು ಬಂತು. ಅದನ್ನು ಮುಚ್ಚಿಕೊಳ್ಳೋಕೆ, ‘ಈಯಮ್ಮ ಥೇಟ್ ನಮ್ಮ ಉಮಾಶ್ರೀ ಥರ ಅಲ್ವಾ’ ಅಂದೆ.

‘ಉಮಾಶ್ರೀನಾ? ಆ ಡಬಲ್ ಮೀನಿಂಗ್ ಕಾಮಿಡಿಯವರಾ?’ ಅಂತ ಒಬ್ಬ ನಕ್ಕ. ‘ಅಲ್ವೋ, ನಮ್ಮಮ್ಮ ದಿನಾ ನೋಡೋ ಸೀರಿಯಲ್‌ನವರು’ ಅಂದಳು ಇನ್ನೊಬ್ಬಳು. ‘ಮಿನಿಸ್ಟರ್ ಆಗಿದ್ರಲ್ಲ?’ ಅಂದ ಮೂರನೆಯವನು. ಮೂರೂ ನಿಜ. ಆದರೆ ಇಡೀ ದೇಶದ ಅತ್ಯುತ್ತಮ ನಟಿ ಅಂತ ರಾಷ್ಟ್ರಪ್ರಶಸ್ತಿ ತಗೊಂಡವರು ಅನ್ನೋದು ಯಾರ ಬಾಯಲ್ಲೂ ಬರಲಿಲ್ಲ. ಅವರನ್ನು ಬೈಯುವ ಯೋಗ್ಯತೆ ನನಗಿರಲಿಲ್ಲ ಬಿಡಿ. ಯಾಕಂದ್ರೆ ಉಮಾಶ್ರೀಯನ್ನು ನೋಡೋದಕ್ಕೆ ಅಂತ ನಮ್ಮನೆ ಹೊರಗೆ ನಿಂತವರ ಮುಖದ ಮೇಲೆ ಕಿಟಕಿ ಹಾಕಿದವಳು ನಾನೇ.

ಅದನ್ನು ಹೇಳಬೇಕಾದರೆ ಮೊದಲು ಮಲ್ಲಂದೂರಿಗೆ ಹೋಗಬೇಕು.

ಚಿಕ್ಕಮಗಳೂರಿನಿಂದ ಮುತ್ತೋಡಿ ಕಾಡಿನ ಕಡೆಗೆ ಹೋಗುವ ದಾರಿಯಲ್ಲಿ ನಮ್ಮೂರು. ಎರಡೂ ಬದಿ ಕಾಫಿ ತೋಟ, ಮೇಲೆ ಸಿಲ್ವರ್ ಓಕ್, ಅದಕ್ಕೆ ಹಬ್ಬಿದ ಮೆಣಸಿನ ಬಳ್ಳಿ. ನನ್ನಪ್ಪ ಅಲ್ಲೊಂದು ಎಸ್ಟೇಟಿನಲ್ಲಿ ರೈಟರು. ಆಳುಗಳ ಹಾಜರಿ, ಕೊಯ್ದ ಹಣ್ಣಿನ ತೂಕ, ವಾರದ ಬಟವಾಡೆ, ಎಲ್ಲಾ ಅವರ ಪುಸ್ತಕದಲ್ಲೇ. ಬಂಗಲೆ ಗುಡ್ಡದ ಮೇಲೆ, ಕೂಲಿಯವರ ಲೈನು ಮನೆಗಳು ತಗ್ಗಿನಲ್ಲಿ, ನಡುವೆ ರೈಟರ ಮನೆ. ಆ ‘ನಡುವೆ’ ಅನ್ನೋದು ಬರೀ ಜಾಗದ ಮಾತಲ್ಲ ಅಂತ ನಿಮಗೂ ಗೊತ್ತಾಗುತ್ತೆ.

1994ರಲ್ಲಿ ಬ್ರೆಜಿಲ್‌ನಲ್ಲಿ ಹಿಮ ಬಿದ್ದು ಅಲ್ಲಿನ ಕಾಫಿ ಗಿಡಗಳು ಸುಟ್ಟುಹೋದವು. ಜಗತ್ತಿನ ಮಾರುಕಟ್ಟೆಯಲ್ಲಿ ಕಾಫಿ ಬೆಲೆ ದಿಢೀರನೆ ಏರಿತು. ಅದೇ ಹೊತ್ತಿಗೆ ಕಾಫಿಯನ್ನೆಲ್ಲ ಕಾಫಿ ಬೋರ್ಡಿಗೇ ಕೊಡಬೇಕು ಅನ್ನೋ ಹಳೇ ಕಟ್ಟು ಸಡಿಲವಾಗ್ತಾ, ಬೆಳೆಗಾರರು ತಾವೇ ಮಾರುವ ಕಾಲ ಬರ್ತಿತ್ತು. ನಮ್ಮ ಗುಡ್ಡಗಳಿಗೆ ಹೊಸ ಜೀಪು, ಹೊಸ ಹೆಂಚು, ಹೊಸ ಪಲ್ಪರ್ ಬಂದದ್ದು ಆವಾಗಲೇ. ಉದಯ ಟೀವಿ ಶುರುವಾದದ್ದೂ 1994ರಲ್ಲೇ. ಬಂಗಲೆ ಅಂಗಳದಲ್ಲಿ ಕೊಡೆ ಬಿಚ್ಚಿಟ್ಟ ಹಾಗೆ ಒಂದು ದೊಡ್ಡ ಡಿಶ್ ಎದ್ದು ನಿಂತಿತು. ಅವರ ಹಳೇ ಕಲರ್ ಟೀವಿ ನಮ್ಮ ಮನೆಗೆ ಬಂತು, ಜೊತೆಗೆ ಅಲ್ಲಿಂದ ಎಳೆದ ಒಂದು ಕೇಬಲ್ಲು. ಬಂಗಲೆಯಲ್ಲಿ ಚಾನೆಲ್ ಬದಲಾಯಿಸಿದರೆ ನಮ್ಮಲ್ಲೂ ಬದಲಾಗೋದು. ನಾವು ಅರ್ಧ ನೋಡಿದ ಸಿನಿಮಾಗಳ ಲೆಕ್ಕ ಇಟ್ಟವರಿಲ್ಲ!

ಕೆಲಸ ಬಿಟ್ಟ ಮೇಲೆ, ರಜಾ ದಿನ ಮಧ್ಯಾಹ್ನ, ಲೈನಿನ ಹೆಂಗಸರು ನಮ್ಮ ಜಗಲಿಗೆ ಬರೋರು. ಒಳಗೆ ಬನ್ನಿ ಅಂತ ನಾವು ಕರೆಯಲಿಲ್ಲ, ಅವರೂ ಬರಲಿಲ್ಲ. ಸರಳಿನ ಕಿಟಕಿಯ ಹೊರಗೆ ನಿಂತು, ಮಳೆಗಾಲದಲ್ಲಿ ಕಂಬಳಿ ಕೊಪ್ಪೆ ಹಾಕ್ಕೊಂಡೇ ನೋಡೋರು. ಅವರಲ್ಲಿ ಮುಂದೆ ನಿಲ್ಲೋರು ಮೇಲಿನ ಲೈನಿನ ಅಜ್ಜಿ. ಘಟ್ಟದ ಕೆಳಗಿನಿಂದ ಸಣ್ಣ ವಯಸ್ಸಲ್ಲೇ ಕೆಲಸಕ್ಕೆ ಬಂದವರು. ಸುತ್ತಿನ ನಾಲ್ಕು ತೋಟಗಳಿಗೂ ಅವರೇ ಸೂಲಗಿತ್ತಿ. ನನ್ನನ್ನು ಮೊದಲು ಕೈಯಲ್ಲಿ ಹಿಡಿದವರೂ ಅವರೇ. ಹಾಗಿದ್ದೂ ಅವರ ಜಾಗ ಕಿಟಕಿಯ ಆಚೆ.

ಒಂದು ಮಧ್ಯಾಹ್ನ ಯಾವುದೋ ಸಿನಿಮಾದಲ್ಲಿ ಎನ್.ಎಸ್. ರಾವ್ ಮತ್ತು ಉಮಾಶ್ರೀ ಕಾಮಿಡಿ ಬಂತು. ಅವರು ಒಂದು ಮಾತು, ಇವರೊಂದು ಮಾತು. ನನಗೆ ಅರ್ಥ ಆಗಲಿಲ್ಲ, ಆದರೆ ಹೊರಗೆ ನಿಂತಿದ್ದವರು ಹೊಟ್ಟೆ ಹಿಡ್ಕೊಂಡು ನಗೋಕೆ ಶುರು ಮಾಡಿದರು. ಒಳಗೆ ಅಪ್ಪನ ಕಡೆಯ ನೆಂಟರು ಬಂದು ಕೂತಿದ್ದರು. ಅಮ್ಮನ ಮುಖ ಕೆಂಪಾಯ್ತು. ಟೀವಿ ಆರಿಸೋ ಬದಲು, ‘ಏಯ್, ಆ ಕಿಟಕಿ ಹಾಕೇ’ ಅಂದ್ರು. ನಾನು ಹೋಗಿ ಹಾಕಿದೆ. ಅಜ್ಜಿಯ ನಗು ಅರ್ಧಕ್ಕೇ ನಿಂತದ್ದು ನನಗೆ ಇವತ್ತಿಗೂ ನೆನಪಿದೆ. ಒಳಗೆ ನಾವು ಮಾತ್ರ ಆ ಕಾಮಿಡಿಯನ್ನ ಪೂರ್ತಿ ನೋಡಿದ್ವಿ, ನಗದೇ.

ಆ ಹೊತ್ತಿನಲ್ಲಿ ನಾವು ಕಿಟಕಿ ಹಾಕಿದ್ದು ಯಾರ ಮೇಲೆ? ಲೈನಿನವರ ಮೇಲಾ, ಉಮಾಶ್ರೀ ಮೇಲಾ? ಈ ಪ್ರಶ್ನೆಗೆ ಉತ್ತರ ಹುಡುಕೋಕೆ ಹೋಗಿ ನಾನು ಉಮಾಶ್ರೀಯವರ ನಟನೆಯ ಚರಿತ್ರೆಯನ್ನೇ ಓದಬೇಕಾಯ್ತು.

ಉಮಾಶ್ರೀ ಹುಟ್ಟಿದ್ದು 1957ರ ಮೇ 10ರಂದು, ತುಮಕೂರು ಜಿಲ್ಲೆ ತಿಪಟೂರು ತಾಲ್ಲೂಕಿನ ನೊಣವಿನಕೆರೆಯಲ್ಲಿ. ಬಡತನದಲ್ಲಿ ಬೆಳೆದವರು, ಮಕ್ಕಳನ್ನು ಒಂಟಿಯಾಗಿ ಸಾಕಿದವರು. ರಂಗಭೂಮಿಯಿಂದ ಸಿನಿಮಾಕ್ಕೆ ಬಂದರು. ಹೆಸರು ತಂದುಕೊಟ್ಟದ್ದು 1984ರ ‘ಅನುಭವ’, ಕಾಶೀನಾಥ್ ನಿರ್ದೇಶಿಸಿ ನಟಿಸಿದ ಚಿತ್ರ. ಮದುವೆ, ಮೈ, ಅದರ ಬಗ್ಗೆ ನಮ್ಮೂರುಗಳಲ್ಲಿರೋ ಅಜ್ಞಾನ, ಇದನ್ನೆಲ್ಲ ತೆರೆಯ ಮೇಲೆ ತಂದ ಸಿನಿಮಾ ಅದು. ಜನ ಮುಗಿಬಿದ್ದು ನೋಡಿದರು, ಹೊರಗೆ ಬಂದು ‘ಛೀ’ ಅಂದರು. ಆ ‘ಛೀ’ ನಿರ್ದೇಶಕರಿಗಿಂತ ಹೆಚ್ಚಾಗಿ ಅಂಟಿಕೊಂಡದ್ದು ನಟಿಗೆ. ಅದು ನಮ್ಮ ಸಿನಿಮಾದಲ್ಲಿ ಹೊಸದೇನಲ್ಲ ಬಿಡಿ.

ಆಮೇಲೆ ಬಂದದ್ದು ಕಾಮಿಡಿಗಳ ಸಾಲು. ಆ ಕಾಲದ ಕನ್ನಡ ಸಿನಿಮಾದಲ್ಲಿ ಕಾಮಿಡಿ ಅನ್ನೋದು ಕಥೆಗೆ ಹೊಲಿಯದೇ ಪಕ್ಕದಲ್ಲಿಟ್ಟ ತುಂಡು ಬಟ್ಟೆ ಇದ್ದ ಹಾಗೆ. ನಾಯಕ-ನಾಯಕಿ ಕಥೆ ಒಂದು ಕಡೆ, ಇವರ ಜಗಳ-ಸರಸ ಇನ್ನೊಂದು ಕಡೆ. ಸಭ್ಯವಾಗಿರೋ ಕೆಲಸ ನಾಯಕಿಯದ್ದು. ಆಸೆ, ಹಸಿವು, ಬೈಗುಳ, ಮೈ ಬಗ್ಗೆ ಮಾತು, ಎಲ್ಲಾ ಇವರ ಪಾಲಿಗೆ. ನಾಯಕಿ ಹೇಳಬಾರದ್ದನ್ನೆಲ್ಲ ಹೇಳೋಕೆ ಒಬ್ಬಳು ಬೇಕಿತ್ತು. ಆ ಕೆಲಸವನ್ನು ಉಮಾಶ್ರೀ ನೂರಾರು ಸಿನಿಮಾಗಳಲ್ಲಿ ಮಾಡಿದರು. ಅದರಲ್ಲಿ ಸುಮಾರು ಮಾತುಗಳು ನಿಜಕ್ಕೂ ಕೀಳಾಗಿದ್ದವು, ನಾನೇನು ಅದನ್ನ ಸಮರ್ಥಿಸ್ತಿಲ್ಲ. ಆದರೆ ಆ ಮಾತು ಬರೆದವರ ಹೆಸರು ನಿಮಗೆ ಗೊತ್ತಾ? ನನಗೂ ಗೊತ್ತಿಲ್ಲ. ಹೇಳಿದ ಹೆಂಗಸಿನ ಹೆಸರು ಮಾತ್ರ ಎಲ್ಲರಿಗೂ ಗೊತ್ತು.

ಇನ್ನೊಂದು ಕಡೆ ಇದೇ ಉಮಾಶ್ರೀ ರಂಗಭೂಮಿಯಲ್ಲಿ ಬೇರೆಯೇ ಒಬ್ಬ ಹೆಂಗಸಾಗಿ ನಿಂತಿದ್ದರು. ದೇವನೂರ ಮಹಾದೇವ ಅವರ ‘ಒಡಲಾಳ’ವನ್ನು ಸಿ.ಜಿ. ಕೃಷ್ಣಸ್ವಾಮಿ, ಅಂದರೆ ಎಲ್ಲರ ಸಿಜಿಕೆ, ರಂಗಕ್ಕೆ ತಂದಾಗ ಅದರ ಸಾಕವ್ವ ಉಮಾಶ್ರೀ. ಕಳೆದುಹೋದ ಹುಂಜವನ್ನು ಹುಡುಕುವ ಮುದುಕಿ, ಹಸಿದ ಮನೆಗೆ ಒಂದು ರಾತ್ರಿ ಕಡಲೆಕಾಯಿ ಬಂದಾಗ ಅದನ್ನು ಸುತ್ತ ಕೂತು ತಿನ್ನುವ ಕುಟುಂಬ, ಬೆಳಗಾದರೆ ಬಾಗಿಲಿಗೆ ಬರುವ ಪೊಲೀಸರು. ಆ ನಾಟಕ ನೋಡಿದವರು ಇವತ್ತಿಗೂ ಉಮಾಶ್ರೀ ಅನ್ನಲ್ಲ, ಸಾಕವ್ವ ಅಂತಾರೆ. ವಯಸ್ಸಿನಲ್ಲಿ ಇನ್ನೂ ಚಿಕ್ಕವರಿದ್ದಾಗಲೇ ಮುದುಕಿಯಾಗಿ ಸೊಂಟ ಬಗ್ಗಿಸಿದವರು ಅವರು. ನಾಟಕ ನೋಡುವ ಬೆಂಗಳೂರಿಗೆ ಒಬ್ಬ ಉಮಾಶ್ರೀ, ಟಾಕೀಸಿಗೆ ಹೋಗುವ ಊರುಗಳಿಗೆ ಇನ್ನೊಬ್ಬ ಉಮಾಶ್ರೀ. ಇಬ್ಬರೂ ಒಬ್ಬರೇ ಅಂತ ಎರಡೂ ಕಡೆಯವರು ಒಪ್ಪೋಕೆ ಬಹಳ ವರ್ಷ ಹಿಡೀತು.

1995ರಲ್ಲಿ ರವಿಚಂದ್ರನ್ ‘ಪುಟ್ನಂಜ’ ಬಂತು. ಅದರಲ್ಲಿ ಉಮಾಶ್ರೀ ರವಿಚಂದ್ರನ್‌ಗೆ ಅಜ್ಜಿ. ಸುಮ್ನೆ ಲೆಕ್ಕ ಹಾಕಿ: ಉಮಾಶ್ರೀಗೆ ಆಗ ಮೂವತ್ತೆಂಟು. ರವಿಚಂದ್ರನ್ ಹುಟ್ಟಿದ್ದು 1961ರಲ್ಲಿ. ಮೊಮ್ಮಗನಿಗಿಂತ ಅಜ್ಜಿ ಬರೀ ನಾಲ್ಕು ವರ್ಷ ದೊಡ್ಡವಳು! ಹೀರೋ ಮೂವತ್ತನಾಲ್ಕಕ್ಕೆ ಇನ್ನೂ ಹುಡುಗ, ಹೆಂಗಸು ಮೂವತ್ತೆಂಟಕ್ಕೇ ಅಜ್ಜಿ. ಚಿತ್ರರಂಗದ ಈ ಲೆಕ್ಕ ನಮ್ಮ ಆಫೀಸುಗಳ ಲೆಕ್ಕಕ್ಕಿಂತ ತುಂಬಾ ಬೇರೆ ಏನಲ್ಲ ಅಂತ ಮೀಟಿಂಗ್‌ಗಳಲ್ಲಿ ಕೂತಿರೋ ಹೆಂಗಸರಿಗೆ ನಾನು ಹೇಳಬೇಕಿಲ್ಲ.

ಆ ಸಿನಿಮಾ ನಮ್ಮ ತೋಟಕ್ಕೆ ಬಂದದ್ದು ಕೊಯ್ಲು ಮುಗಿದ ಖುಷಿಗೆ. ಕಾಫಿ ಒಣಗಿಸೋ ಕಣದಲ್ಲಿ ಬಾಡಿಗೆ ಟೀವಿ, ವಿಸಿಪಿ, ಎರಡು ಕ್ಯಾಸೆಟ್ಟು. ಕಣದಲ್ಲಿ ಕಿಟಕಿ ಇರಲಿಲ್ಲ. ಎಲ್ಲರೂ ನೆಲದ ಮೇಲೆ. ಉಮಾಶ್ರೀ ಬಾಯ್ತುಂಬ ಎಲೆಯಡಿಕೆ ಹಾಕ್ಕೊಂಡವರ ಹಾಗೆ ಮಾತಾಡ್ತಾ, ಗದರಿಸ್ತಾ ಬಂದ ಕೂಡಲೇ ಲೈನಿನವರೆಲ್ಲ ಮೇಲಿನ ಲೈನಿನ ಅಜ್ಜಿ ಕಡೆ ತಿರುಗಿ ನಗೋಕೆ ಶುರು ಮಾಡಿದರು. ಅಜ್ಜಿ ಮಾತ್ರ ನಗದೆ, ಮದುವೆ ಮನೆಯಲ್ಲಿ ಸೊಸೆಯ ಕೆಲಸ ನೋಡೋರ ಹಾಗೆ ನೋಡ್ತಾ ಕೂತಿದ್ದರು. ಮುಗಿದ ಮೇಲೆ ಅಂದದ್ದು ಒಂದೇ ಮಾತು: ‘ಕೂರೋದು ಸರಿಯಾಗಿ ಕೂತಳು.’ ಮಂಡಿ ನೋವಿರೋ ಹೆಂಗಸು ನೆಲಕ್ಕೆ ಕೂರೋವಾಗ ಮೊದಲು ಒಂದು ಕೈ ಎಲ್ಲಿ ಊರ್ತಾಳೆ ಅನ್ನೋದನ್ನ ಅಜ್ಜಿ ನೋಡಿದ್ದರು. ಪತ್ರಿಕೆಗಳಲ್ಲಿ ಎಷ್ಟೋ ವಿಮರ್ಶೆ ಓದಿದ್ದೇನೆ. ನಟನೆಯ ಬಗ್ಗೆ ಅಷ್ಟು ಸರಿಯಾದ ಮಾತು ನನಗೆ ಮತ್ತೆ ಸಿಕ್ಕಿಲ್ಲ.

ಈಗ ಶನಿವಾರ ರಾತ್ರಿಯ ಆ ಜಪಾನೀ ಅಜ್ಜಿ ಹತ್ತಿರ ಬರೋಣ. ಅವಳ ಹೆಸರು ಕಿರಿನ್ ಕಿಕಿ. ಟೋಕಿಯೋದಲ್ಲಿ 1943ರಲ್ಲಿ ಹುಟ್ಟಿದವಳು. ಉಮಾಶ್ರೀ ಥರಾನೇ ಶುರು ಮಾಡಿದ್ದು ನಾಟಕದಿಂದ. ಬುಂಗಾಕುಜಾ ಅನ್ನೋ ಹೆಸರಾಂತ ತಂಡಕ್ಕೆ 1961ರಲ್ಲಿ ಸೇರಿಕೊಂಡಳು. ಆದರೆ ಜನ ಮನೆಮಾತಾಗಿಸಿಕೊಂಡದ್ದು ಟೀವಿ ಕಾಮಿಡಿಯಿಂದ. 1974ರಲ್ಲಿ ಕಲ್ಲು ಕೆತ್ತುವ ಒಬ್ಬ ಮುಂಗೋಪಿಯ ಮನೆ ಕಥೆಯ ಧಾರಾವಾಹಿ ಬಂತು, ‘ತೆರಾಉಚಿ ಕಾಂತಾರೊ ಇಕ್ಕಾ’. ಅದರಲ್ಲಿ ಮನೆ ಯಜಮಾನನ ತಾಯಿ, ಮುದುಕಿ, ಈ ಕಿಕಿ. ವಯಸ್ಸು ಮೂವತ್ತೊಂದು. ಮಗನ ಪಾತ್ರ ಮಾಡಿದ ಕೊಬಾಯಾಶಿ ಅಸೆಯ್ ಹುಟ್ಟಿದ್ದು 1932ರಲ್ಲಿ. ಅಂದರೆ ಮಗ ತಾಯಿಗಿಂತ ಹತ್ತು ವರ್ಷಕ್ಕೂ ಹೆಚ್ಚು ದೊಡ್ಡವನು! ನಮ್ಮ ಪುಟ್ನಂಜನ ಲೆಕ್ಕವನ್ನೂ ಮೀರಿಸಿದ ಲೆಕ್ಕ. ಆ ಮುದುಕಿ ತನ್ನ ಕೋಣೆಯಲ್ಲಿ ಆಗಿನ ಜನಪ್ರಿಯ ಗಾಯಕನೊಬ್ಬನ ಪೋಸ್ಟರ್ ಅಂಟಿಸಿಕೊಂಡು, ಅದರ ಮುಂದೆ ಮೈ ಕುಣಿಸಿ ಅವನ ಹೆಸರು ಕೂಗೋಳು. ಇಡೀ ಜಪಾನ್ ನಕ್ಕಿತು.

1977ರಲ್ಲಿ ಒಂದು ಟೀವಿ ಕಾರ್ಯಕ್ರಮದಲ್ಲಿ ತಾರೆಯರು ತಮ್ಮ ವಸ್ತುಗಳನ್ನು ಹರಾಜಿಗಿಟ್ಟಾಗ, ಮಾರೋಕೆ ಬೇರೇನೂ ಇಲ್ಲ ಅಂತ ಅವಳು ತನ್ನ ಹೆಸರನ್ನೇ ಮಾರಿಬಿಟ್ಟಳು. ಅಲ್ಲೀತನಕ ಅವಳು ಯೂಕಿ ಚಿಹೊ. ಕಿರಿನ್ ಕಿಕಿ ಅನ್ನೋದು ಆಮೇಲೆ ಇಟ್ಟುಕೊಂಡದ್ದು. ಕ್ಯಾಮೆರಾ ಫಿಲ್ಮಿನ ಒಂದು ಜಾಹೀರಾತು ಅವಳಿಗೆ ಇನ್ನಷ್ಟು ಹೆಸರು ತಂತು. ಚೆಂದ ಇರೋರು ಇನ್ನೂ ಚೆಂದವಾಗಿ, ಅಷ್ಟು ಚೆಂದ ಇಲ್ಲದೋರು ಅವರಿರೋ ಹಾಗೇ ಬರ್ತಾರೆ ಅನ್ನೋ ಅರ್ಥದ ತಮಾಷೆ. ತಮಾಷೆಯ ಗುರಿ ಅವಳ ಮುಖವೇ. ನಟಿಯ ಮುಖ ನೋಡಿ ಮೊದಲೇ ಅವಳ ಪಾಲಿನ ಕೆಲಸ ಹಂಚಿಬಿಡೋದು ಅಲ್ಲೂ ಇತ್ತು, ಇಲ್ಲೂ ಇತ್ತು.

ಹಿರೊಕಾಜು ಕೊರೆ-ಎಡಾ ತಮ್ಮ ‘ಸ್ಟಿಲ್ ವಾಕಿಂಗ್’ ಚಿತ್ರಕ್ಕೆ ಅವಳನ್ನು ಕರೆದಾಗ ಅವಳಿಗೆ ಅರವತ್ತು ದಾಟಿತ್ತು, ಕ್ಯಾನ್ಸರ್ ಕೂಡ ಬಂದಿತ್ತು. ಚಿತ್ರದಲ್ಲಿ ಒಬ್ಬ ತಾಯಿ. ದೊಡ್ಡ ಮಗ ಯಾವುದೋ ಹುಡುಗನನ್ನ ನೀರಿನಿಂದ ಕಾಪಾಡೋಕೆ ಹೋಗಿ ತಾನೇ ಸತ್ತಿದ್ದಾನೆ. ಬದುಕುಳಿದ ಆ ಹುಡುಗನನ್ನು ಪ್ರತಿ ವರ್ಷ ಪುಣ್ಯತಿಥಿಗೆ ಮನೆಗೆ ಕರೀತಾಳೆ. ಪಾಪ, ಕರೀಬೇಡಮ್ಮ ಅಂತ ಚಿಕ್ಕ ಮಗ ಅಂದರೆ, ಅವಳು ದಾರ ಹೆಣೀತಾನೇ ಹೇಳ್ತಾಳೆ: ಅವನಿಗೆ ವರ್ಷಕ್ಕೊಂದು ದಿನ ಆದ್ರೂ ನೋವಾಗಲಿ ಅಂತಾನೇ ಕರೆಯೋದು ಅಂತ. ಕೈ ನಿಲ್ಲಲ್ಲ, ದನಿ ಏರಲ್ಲ. ನೋಡೋರ ಬೆನ್ನುಹುರಿಯಲ್ಲಿ ಚಳಿ. ಕಾಮಿಡಿಯಲ್ಲಿ ಮೂವತ್ತು ವರ್ಷ ಟೈಮಿಂಗ್ ಕಲಿತ ಕೈ ಅದು. ಅದೇ ಅಲ್ಲಿ ಕೆಲಸ ಮಾಡಿದ್ದು. ‘ಶಾಪ್‌ಲಿಫ್ಟರ್ಸ್’ ಬಂದ 2018ರಲ್ಲೇ, ಸೆಪ್ಟೆಂಬರ್ 15ರಂದು ಕಿಕಿ ತೀರಿಕೊಂಡಳು, ಎಪ್ಪತ್ತೈದನೇ ವಯಸ್ಸಿಗೆ.

‘ಸ್ಟಿಲ್ ವಾಕಿಂಗ್’ ತೆರೆಗೆ ಬಂದದ್ದು 2008ರಲ್ಲಿ. ನಮ್ಮ ‘ಗುಲಾಬಿ ಟಾಕೀಸ್’ ಬಂದದ್ದೂ ಅದೇ 2008ರಲ್ಲಿ.

ಗಿರೀಶ್ ಕಾಸರವಳ್ಳಿ ನಮ್ಮ ಪಕ್ಕದ ತೀರ್ಥಹಳ್ಳಿ ಸೀಮೆಯವರು. ಮೂಡಿಗೆರೆಯಲ್ಲಿ ಕೂತು ಬರೆದ ತೇಜಸ್ವಿಯವರ ‘ತಬರನ ಕಥೆ’ಯನ್ನು 1986ರಲ್ಲಿ ಸಿನಿಮಾ ಮಾಡಿದವರೂ ಅವರೇ. ಈ ಸಲ ಅವರು ವೈದೇಹಿಯವರ ಕಥೆ ಎತ್ತಿಕೊಂಡು ಕುಂದಾಪುರ ಕಡೆಯ ಕಡಲತಡಿಗೆ ಹೋದರು. ಕಾಲ 1999ರ ಆಸುಪಾಸು, ಕಾರ್ಗಿಲ್ ಯುದ್ಧದ ಹೊತ್ತು. ಗುಲಾಬಿ ಅಂತ ಒಬ್ಬ ಮುಸ್ಲಿಂ ಸೂಲಗಿತ್ತಿ. ಗಂಡ ಇನ್ನೊಬ್ಬಳ ಜೊತೆ ಇದ್ದಾನೆ. ಇವಳಿಗಿರೋ ಒಂದೇ ಹುಚ್ಚು ಸಿನಿಮಾ. ಒಮ್ಮೆ ಹೆರಿಗೆಗೆ ಕರೆಯೋಕೆ ಬಂದರೆ, ಸಿನಿಮಾ ತಪ್ಪುತ್ತೆ, ಬರಲ್ಲ ಅಂತಾಳೆ! ಕೊನೆಗೆ ಆ ಶ್ರೀಮಂತರ ಮನೆಯವರು ಅವಳಿಗೆ ಕಲರ್ ಟೀವಿ, ಡಿಶ್ ಕೊಡಿಸ್ತಾರೆ. ಅವಳ ಗುಡಿಸಲೇ ಊರ ಹೆಂಗಸರ ಟಾಕೀಸಾಗುತ್ತೆ. ಬಹಳಷ್ಟು ಜನ ಬಂದು ನೋಡ್ತಾರೆ. ಮುಂದೆ ಸಮುದ್ರದ ಮೀನಿನ ಜಗಳ, ದೊಡ್ಡ ಬೋಟಿನವರು, ಟೀವಿಯಲ್ಲಿ ಯುದ್ಧದ ಸುದ್ದಿ, ಹಿಂದೂ-ಮುಸ್ಲಿಂ ಅನ್ನೋ ಮಾತು, ಎಲ್ಲಾ ಸೇರಿ ಅದೇ ಊರು ಗುಲಾಬಿಯನ್ನು ಹೊರಗೆ ದಬ್ಬುತ್ತೆ.

ನಾನದನ್ನ ನೋಡಿದ್ದು ಬೆಂಗಳೂರಿನಲ್ಲಿ, ಕೆಲಸಕ್ಕೆ ಸೇರಿದ ಹೊಸತರಲ್ಲಿ. ಗುಲಾಬಿಯ ಮನೆಯಲ್ಲಿ ಹೆಂಗಸರು ಬಾಗಿಲ ಹತ್ತಿರ, ಗೋಡೆಗೆ ಒರಗಿ ಟೀವಿ ನೋಡೋ ದೃಶ್ಯ ಬಂದಾಗ ನನಗೆ ಕೂತಲ್ಲಿ ಕೂರೋಕಾಗಲಿಲ್ಲ. ಒಬ್ಬ ಸೂಲಗಿತ್ತಿ, ಒಂದು ಕಲರ್ ಟೀವಿ, ಒಂದು ಡಿಶ್ಶು, ನೋಡೋಕೆ ಬಂದ ಹೆಂಗಸರು. ನಮ್ಮ ಮನೆಯ ಕಥೆಯೇ. ಒಂದೇ ವ್ಯತ್ಯಾಸ, ಅಲ್ಲಿ ಟೀವಿ ಇದ್ದದ್ದು ಸೂಲಗಿತ್ತಿಯ ಮನೆಯಲ್ಲಿ. ಅದಕ್ಕೇ ಅಲ್ಲಿ ಯಾರೂ ಕಿಟಕಿ ಹೊರಗೆ ನಿಲ್ಲಬೇಕಾಗಿರಲಿಲ್ಲ.

2008ನೇ ಸಾಲಿನ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳು ಪ್ರಕಟವಾದದ್ದು 2010ರ ಜನವರಿಯಲ್ಲಿ. ಅತ್ಯುತ್ತಮ ನಟಿ ಉಮಾಶ್ರೀ. ಕನ್ನಡ ಚಿತ್ರದ ಅಭಿನಯಕ್ಕೆ ಆ ಪ್ರಶಸ್ತಿ ಅದಕ್ಕೂ ಮೊದಲು ‘ಕಾಡು’ ಚಿತ್ರಕ್ಕೆ ನಂದಿನಿ ಭಕ್ತವತ್ಸಲ ಅವರಿಗೆ, ‘ಹಸೀನಾ’ಕ್ಕೆ ತಾರಾ ಅವರಿಗೆ ಬಂದಿತ್ತು. ಆಗ ನಮ್ಮಂಥವರೆಲ್ಲ, ‘ಅಯ್ಯೋ, ಉಮಾಶ್ರೀ ಎಷ್ಟು ಬದಲಾಗಿಬಿಟ್ರು’ ಅಂದ್ವಿ. ಕಾಮಿಡಿಯಿಂದ ಕಲೆಗೆ ಏರಿದರು ಅನ್ನೋ ಹಾಗೆ.

ನನಗೆ ಈಗ ಅನಿಸೋದು, ಅವರು ಏರಿದ್ದಲ್ಲ, ನಾವು ತಡವಾಗಿ ಬಂದದ್ದು. ಗುಲಾಬಿ ಸಿನಿಮಾ ನೋಡೋವಾಗ ಬಾಯಿ ಅರೆ ತೆರೆದು ಮರೆತುಹೋಗೋದು, ಸಿಟ್ಟು ಬಂದಾಗ ಸೆರಗು ಸೊಂಟಕ್ಕೆ ಸಿಕ್ಕಿಸೋದು, ಮಾತಿಗೆ ಮಾತು ಕೊಡೋ ವೇಗ, ಇದೆಲ್ಲ ಆ ಕಾಮಿಡಿಗಳಲ್ಲೂ ಇತ್ತು. ಪಕ್ಕದಲ್ಲಿ ಕೆಟ್ಟ ಸಂಭಾಷಣೆ ಇತ್ತು, ಅಷ್ಟೇ. ದುಡಿಯೋ ಹೆಂಗಸಿನ ಮೈ ಹೇಗೆ ನಿಲ್ಲುತ್ತೆ, ಹೇಗೆ ಬಾಗುತ್ತೆ, ಹೇಗೆ ಜಗಳಕ್ಕೆ ನಿಲ್ಲುತ್ತೆ ಅಂತ ಬಲ್ಲವರು ಅವರನ್ನು ಅವತ್ತೇ ಗುರುತಿಸಿದ್ದರು. ಕಿಟಕಿಯ ಆಚೆ ನಿಂತವರು ನಕ್ಕದ್ದು ಬರೀ ಪೋಲಿ ಮಾತಿಗಲ್ಲ. ಅವರ ಹಾಗೆ ಕಾಣೋ, ಅವರ ಹಾಗೆ ಜೋರು ಮಾಡೋ ಒಬ್ಬಳು ಆ ಪೆಟ್ಟಿಗೆಯಲ್ಲಿ ಗಂಡಸಿಗೆ ಎದುರು ಮಾತಾಡ್ತಿದ್ದಳಲ್ಲ, ಅದಕ್ಕೆ. ಒಳಗಿದ್ದ ನಮಗೆ ಅದು ಅಸಭ್ಯ ಅನಿಸಿದ್ದರಲ್ಲಿ ಸಭ್ಯತೆ ಎಷ್ಟಿತ್ತು, ಭಯ ಎಷ್ಟಿತ್ತು? ಬಟವಾಡೆ ದಿನ ನಮ್ಮಪ್ಪನ ಮೇಜಿನ ಮುಂದೆ ತಲೆ ತಗ್ಗಿಸಿ ನಿಲ್ಲೋರು, ನಮ್ಮ ಕಿಟಕಿಯಲ್ಲಿ ತಲೆ ಎತ್ತಿ ನಗ್ತಿದ್ದರು.

ಉಮಾಶ್ರೀಯ ಮುಂದಿನ ದಾರಿ ಇನ್ನೂ ವಿಚಿತ್ರ. 2013ರಲ್ಲಿ ಬಾಗಲಕೋಟೆ ಜಿಲ್ಲೆಯ ತೇರದಾಳದಿಂದ ಗೆದ್ದು ಶಾಸಕಿಯಾದರು. ರಬಕವಿ-ಬನಹಟ್ಟಿ ಮಗ್ಗಗಳ ಸೀಮೆ ಅದು, ನೇಕಾರರ ಊರುಗಳು. ಸಿದ್ದರಾಮಯ್ಯ ಅವರ ಸರ್ಕಾರದಲ್ಲಿ ಮಹಿಳಾ ಮತ್ತು ಮಕ್ಕಳ ಅಭಿವೃದ್ಧಿ, ಕನ್ನಡ ಮತ್ತು ಸಂಸ್ಕೃತಿ ಎರಡೂ ಖಾತೆಗಳ ಸಚಿವೆ. ಒಂದು ಕಾಲಕ್ಕೆ ನಾವು ಕಿಟಕಿ ಹಾಕಿ ಕಾಪಾಡಿಕೊಂಡ ‘ಸಂಸ್ಕೃತಿ’ಯ ಖಾತೆಯೇ ಅವರ ಕೈಗೆ ಬಂದಿತ್ತು ನೋಡಿ. 2018ರಲ್ಲಿ ಸೋತರು. 2023ರಲ್ಲಿ ವಿಧಾನ ಪರಿಷತ್ತಿಗೆ ನಾಮಕರಣಗೊಂಡರು. ಈ ನಡುವೆ ಬಣ್ಣ ಬಿಡಲಿಲ್ಲ. ‘ಶರ್ಮಿಷ್ಠೆ’ ಅನ್ನೋ ಏಕವ್ಯಕ್ತಿ ನಾಟಕದಲ್ಲಿ ರಂಗದ ಮೇಲೆ ಒಬ್ಬರೇ ನಿಂತರು. 2021ರ ಡಿಸೆಂಬರ್‌ನಲ್ಲಿ ಜೀ ಕನ್ನಡದಲ್ಲಿ ‘ಪುಟ್ಟಕ್ಕನ ಮಕ್ಕಳು’ ಶುರುವಾಯ್ತು. ತೆಲುಗಿನ ‘ರಾಧಮ್ಮ ಕೂತುರು’ ಧಾರಾವಾಹಿಯ ಕನ್ನಡ ರೂಪ. ಹೆಣ್ಣುಮಕ್ಕಳನ್ನೇ ಹೆತ್ತಳು ಅಂತ ಗಂಡ ಬಿಟ್ಟುಹೋದ ಪುಟ್ಟಕ್ಕ, ಮೆಸ್ ನಡೆಸಿ ಮೂರು ಹೆಣ್ಣುಮಕ್ಕಳನ್ನು ಬೆಳೆಸ್ತಾಳೆ. ಗುಲಾಬಿಯನ್ನೂ ಗಂಡ ಬಿಟ್ಟಿದ್ದ, ಪುಟ್ಟಕ್ಕನನ್ನೂ ಬಿಟ್ಟಿದ್ದಾನೆ. ಇಬ್ಬರಿಗೂ ಕೈಯಲ್ಲಿ ಕೆಲಸ ಇದೆ, ಅದೇ ಅವರ ಧೈರ್ಯ.

ಅದು ಶುರುವಾದ ಹೊತ್ತಿಗೆ ನಾನು ಮಲ್ಲಂದೂರಿನಲ್ಲೇ ಇದ್ದೆ. ಕೋವಿಡ್ ಕಾಲದ ವರ್ಕ್ ಫ್ರಮ್ ಹೋಮ್. ಅಪ್ಪ ಇಲ್ಲ ಈಗ. ಅಮ್ಮ ಎಸ್ಟೇಟಿನ ಮನೆ ಬಿಟ್ಟು ಊರೊಳಗೆ ಸಣ್ಣ ಮನೆ ಮಾಡಿಕೊಂಡಿದ್ದಾರೆ. ಸಂಜೆ ಪುಟ್ಟಕ್ಕ ಬರೋ ಹೊತ್ತಿಗೆ ಅಮ್ಮ ಫೋನ್ ಕೂಡ ಎತ್ತುತ್ತಿರಲಿಲ್ಲ. ಉಮಾಶ್ರೀ ಬಂದರೆ ಕಿಟಕಿ ಹಾಕಿಸಿದ್ದ ಅದೇ ಅಮ್ಮ! ನಾನು ಅದನ್ನ ನೆನಪಿಸಿದೆ. ‘ಹೌದಾ? ನಂಗೆ ನೆನಪಿಲ್ಲಪ್ಪ’ ಅಂದರು. ಕಿಟಕಿಯ ಒಳಗಿದ್ದವರಿಗೆ ಅದು ನೆನಪಿರೋದು ಕಮ್ಮಿ.

ಒಂದು ಸಂಜೆ ನಮ್ಮ ಮನೆಯಲ್ಲಿ ಕರೆಂಟಿಲ್ಲ. ಯಾವುದೋ ಮರ ಬಿದ್ದಿತ್ತು. ಮೇಲಿನ ಲೈನಿನ ಅಜ್ಜಿಯ ಮೊಮ್ಮಗ ಊರಲ್ಲೇ ಮನೆ ಕಟ್ಟಿಸಿದ್ದಾನೆ, ಆಟೋ ಓಡಿಸ್ತಾನೆ. ಅವರ ಲೈನಿಗೆ ಕರೆಂಟಿತ್ತು. ಅಮ್ಮನಿಗೆ ತಡೀಲಿಲ್ಲ. ‘ಬಾರೇ, ಅಲ್ಲೇ ನೋಡಿ ಬರೋಣ’ ಅಂತ ಟಾರ್ಚ್ ಹಿಡ್ಕೊಂಡು ಹೊರಟೇಬಿಟ್ಟರು. ಅವರ ಬಾಗಿಲಲ್ಲಿ ನಾನು ಒಂದು ಗಳಿಗೆ ನಿಂತೆ. ಬಹುಶಃ ಹಳೇ ಅಭ್ಯಾಸಕ್ಕೆ, ಬಹುಶಃ ನಾಚಿಕೆಗೆ. ಅಜ್ಜಿ ಒಳಗೆ ಮಂಚದ ಮೇಲೆ ಕಂಬಳಿ ಹೊದ್ದು ಕೂತಿದ್ದರು. ಕಣ್ಣು ಮಂಜಾಗಿದೆ, ಟೀವಿಯ ಹತ್ತಿರವೇ ಮಂಚ ಎಳೆಸಿಕೊಂಡಿದ್ದಾರೆ. ‘ಎಂತಕ್ಕೆ ಹೊರಗೆ ನಿಂತದ್ದು ಮಗಾ? ಒಳಗೆ ಬಾ, ಕೂತ್ಕೊ’ ಅಂದರು.

ಒಳಗೆ ಹೋಗಿ ಮಂಚದ ಹತ್ತಿರ ಕೂತೆ. ಜಾಹೀರಾತು ಬಂದಾಗ ಧೈರ್ಯ ಮಾಡಿ ಕೇಳಿದೆ. ‘ಅಜ್ಜೀ, ಒಂದಿನ ನೀವು ನಗ್ತಿರುವಾಗ ನಾನು ಕಿಟಕಿ ಹಾಕಿದ್ದೆ. ನೆನಪಿದೆಯಾ?’

ಅಜ್ಜಿ ನನ್ನ ಕಡೆ ತಿರುಗಲಿಲ್ಲ. ‘ಉಂಟು’ ಅಂದರು. ಅಮ್ಮ ಏನೂ ಕೇಳದವರ ಹಾಗೆ ಟೀವಿಯನ್ನೇ ನೋಡ್ತಿದ್ದರು.

ಸ್ವಲ್ಪ ಹೊತ್ತು ಬಿಟ್ಟು ಅಜ್ಜಿ, ‘ಆ ದಿನ ಕಡೆಗೆ ಅವಳು ಎಂತ ಹೇಳಿದ್ದು? ನನಗೆ ಕೇಳ್ಲೇ ಇಲ್ಲ’ ಅಂದರು. ನನಗೂ ನೆನಪಿರಲಿಲ್ಲ. ಒಳಗಿದ್ದು ಪೂರ್ತಿ ನೋಡಿದವಳು ನಾನು, ಒಂದಕ್ಷರ ನೆನಪಿಲ್ಲ. ಅರ್ಧ ಕೇಳಿದವರು ಇಪ್ಪತ್ತೈದು ವರ್ಷ ಆ ಉಳಿದರ್ಧವನ್ನು ಮನಸ್ಸಲ್ಲಿ ಇಟ್ಟುಕೊಂಡಿದ್ದರು. ಕ್ಷಮಿಸಿ ಅನ್ನೋಕೆ ಬಾಯಿ ತೆಗೆದೆ. ಅಷ್ಟರಲ್ಲಿ ಜಾಹೀರಾತು ಮುಗೀತು. ‘ಶ್, ಬಂತು’ ಅಂದರು ಅಜ್ಜಿ.

ತೆರೆ ಮೇಲೆ ಪುಟ್ಟಕ್ಕ ಅಡುಗೆ ಮನೆಯಲ್ಲಿ ಯಾರ ಮೇಲೋ ರೇಗ್ತಾ, ಸೆರಗು ಸೊಂಟಕ್ಕೆ ಸಿಕ್ಕಿಸಿದರು. ಅಜ್ಜಿ ನಕ್ಕರು. ಈ ಸಲ ಅವರ ಜೊತೆ ಅಮ್ಮನೂ ನಕ್ಕರು, ನಾನೂ ನಕ್ಕೆ.